ಅಳಿಸುವ ಗುಂಡಿ

ನಮ್ಮ ಊರಿನಲ್ಲಿ ಒಮ್ಮೆ ಬರೆದ ವಾಕ್ಯ ಎರಡನೇ ಸಲ ನಿಲ್ಲುವುದಿಲ್ಲ. ಶಾಯಿ ಹಸಿಯಾಗಿರುವಷ್ಟು ಹೊತ್ತು ಕಾಣುತ್ತದೆ, ಒಣಗುತ್ತ ಒಣಗುತ್ತ ಮಾಸಿ ಹೋಗುತ್ತದೆ. ಹೊರಗಿನಿಂದ ಬಂದವರು ಇದನ್ನು ಕೇಳಿ ಹುಬ್ಬೇರಿಸುತ್ತಾರೆ. ನಾವು ಹುಟ್ಟಿದಾಗಿನಿಂದ ನೋಡಿದವರು, ನಮಗೇನು ಹೊಸದು? ಒಂದು ಗೋಡೆಯ ಮೇಲೆ ‘ಇಲ್ಲಿ ಮೂತ್ರ ಮಾಡಬಾರದು’ ಎಂದಿದ್ದರೆ ಅದರ ಪಕ್ಕದ ಗೋಡೆಯವನು ‘ಈ ಜಾಗ ಅದಕ್ಕಲ್ಲ’ ಎಂದು ಬರೆಸುತ್ತಾನೆ, ಅವನ ಪಕ್ಕದವನು ‘ಅಣ್ಣಾ, ಸ್ವಲ್ಪ ತಡೆದುಕೊಂಡು ಮುಂದೆ ಹೋಗು’ ಎಂದು. ಮುನ್ನೂರು ಮಂದಿಯನ್ನು ಮದುವೆಗೆ ಕರೆಯಬೇಕಾದರೆ ಮುನ್ನೂರು ಬಗೆಯಲ್ಲಿ ಕರೆಯಬೇಕು. ‘ಸಕುಟುಂಬ ಸಪರಿವಾರ’ ಎಂಬುದೆಲ್ಲ ನಮ್ಮಜ್ಜಿಯ ಕಾಲಕ್ಕೇ ಖರ್ಚಾಗಿಹೋಗಿ, ಈಗ ‘ಮನೆಗೆ ಬೀಗ ಹಾಕಿ ಎಲ್ಲರೂ ಬಂದುಬಿಡಿ’ ಎನ್ನುವಲ್ಲಿಗೆ ಬಂದು ನಿಂತಿದೆ. ಪರೀಕ್ಷೆಯಲ್ಲಿ ಕಾಪಿ ಹೊಡೆದ ಹುಡುಗನ ಉತ್ತರಪತ್ರಿಕೆ ಗಂಟೆ ಬಾರಿಸುವಷ್ಟರಲ್ಲಿ ಬೆಳ್ಳಗಾಗಿರುತ್ತದೆ. ಮೇಲ್ವಿಚಾರಕರಿಗೆ ನಮ್ಮಲ್ಲಿ ಕೆಲಸವೇ ಇಲ್ಲ, ಕೂತು ತೂಕಡಿಸುತ್ತಾರೆ.

ಹೀಗಿರುವುದರಿಂದ ನಮ್ಮಲ್ಲಿ ಮಾತು ಬದಲಿಸುವವರು ಎಂಬ ಕಸುಬಿನವರಿದ್ದಾರೆ. ಬೇರೆ ಊರುಗಳಲ್ಲಿ ಮಾತು ಬದಲಿಸುವವನನ್ನು ಮನೆಯ ಕಟ್ಟೆಯ ಮೇಲೂ ಕೂರಿಸುವುದಿಲ್ಲವಂತೆ. ನಮ್ಮಲ್ಲಿ ಅಂಥವರ ಮನೆ ಎಂದರೆ ಕಣ್ಣು ಮುಚ್ಚಿ ಹೆಣ್ಣು ಕೊಡುತ್ತಾರೆ. ಒಂದು ವಾಕ್ಯ ಕೊಟ್ಟರೆ ಅದರ ಒಂದೊಂದೇ ಪದ ಎತ್ತಿ, ಆ ಜಾಗದಲ್ಲಿ ಅದೇ ಅರ್ಥದ ಇನ್ನೊಂದು ಪದ ಕೂರಿಸಿ, ಹೊಸ ವಾಕ್ಯ ಮಾಡಿ ಕೊಡುವುದು ಅವರ ಕೆಲಸ. ಹೆಸರಿಗೆ ಮಾತ್ರ ಈ ಕಾಟ ಇಲ್ಲ. ಹೆಸರನ್ನು ಎಷ್ಟು ಸಲ ಬರೆದರೂ ನಿಲ್ಲುತ್ತದೆ. ನಮ್ಮ ಅಂಗಡಿಯ ಎದುರು ಓಣಿಯಲ್ಲಿ ಇದೇ ಕಸುಬು ಮಾಡುವವರಿಗೆ ಇಷ್ಟೂ ತಿಳಿಯದೆ, ಒಂದು ಲಗ್ನಪತ್ರಿಕೆಯಲ್ಲಿ ವರನ ಹೆಸರು ಚಂದ್ರಶೇಖರ ಎಂದಿದ್ದನ್ನು ಶಶಿಮೌಳಿ ಮಾಡಿಬಿಟ್ಟಿದ್ದರು. ಅರ್ಥ ಒಂದೇ, ಅಲ್ಲವೆಂದವರು ಯಾರು? ಆದರೆ ನೀರಿನ ಟಾಕಿಯ ಹತ್ತಿರ ಶಶಿಮೌಳಿ ಎಂಬ ಬೇರೆ ಮನುಷ್ಯನೇ ಇದ್ದ, ಲಗ್ನವಾಗದವ. ಅವನು ಹೊಸ ಅಂಗಿ ಹಾಕಿಕೊಂಡು ಮಂಟಪದ ಬಾಗಿಲಿಗೆ ಬಂದು ನಿಂತ. ಅವತ್ತಿನ ಗದ್ದಲವನ್ನು ನಾನು ಹೇಳಹೋದರೆ ಸಂಜೆಯಾಗುತ್ತದೆ.

ನಾನು ಕೆಲಸ ಮಾಡುವುದು ಹಳೇ ಟಾಕೀಸಿನ ಎದುರಿಗಿರುವ ಶಾಂಭವಿ ಅಕ್ಕಾರ ಅಂಗಡಿಯಲ್ಲಿ. ನನ್ನ ಹೆಸರು ನೀಲವ್ವ. ನನಗೆ ಪದ ಬದಲಿಸಲು ಬರುವುದಿಲ್ಲ, ನಾನು ಶಾಯಿ ಕಾಯುವವಳು. ಅಕ್ಕಾರು ಬರೆದ ಹಾಳೆಯನ್ನು ಕಿಟಕಿಯ ಬೆಳಕಿಗೆ ಹಿಡಿದು, ಒಣಗುವವರೆಗೆ ಕಣ್ಣು ಕೀಳದೆ ನೋಡಬೇಕು. ಅಕ್ಷರ ನಿಂತರೆ ಪಾಸು, ಮಾಸಿದರೆ ನಪಾಸು. ಓದುವ ಕೆಲಸವಲ್ಲ ಅದು, ಅಕ್ಷರದ ಬಣ್ಣ ನೋಡುವ ಕೆಲಸ. ಓದಲು ಹೋದರೆ ಕಣ್ಣು ಮುಂದೆ ಓಡುತ್ತದೆ, ಹಿಂದೆ ಮಾಸಿದ್ದು ತಿಳಿಯುವುದೇ ಇಲ್ಲ. ಇದು ಎಲ್ಲರಿಗೂ ಬರುವ ವಿದ್ಯೆ ಎಂದು ನನ್ನ ಗಂಡ ಹೇಳುತ್ತಾನೆ. ಅವನನ್ನು ಒಂದು ದಿನ ಕೂರಿಸಿ ನೋಡಬೇಕಿತ್ತು.

ಶಾಂಭವಿ ಅಕ್ಕಾರಿಗೆ ತಮ್ಮ ಮೇಲೆ ತಮಗೇ ಬಹಳ ಗೌರವ. ಇರಲಿ, ಅಂಥವರಿಗೆ ಇಲ್ಲದಿದ್ದರೆ ಇನ್ಯಾರಿಗೆ ಇರಬೇಕು? ಎಂ.ಎ. ಓದಿದವರು, ದೊಡ್ಡ ಕುಂಕುಮ, ಇಸ್ತ್ರಿ ಮಾಡಿದ ಇಳಕಲ್ ಸೀರೆ, ಅಂಗಡಿಯಲ್ಲಿ ತಮ್ಮದೊಂದು ಕುರ್ಚಿ. ಅದರಲ್ಲಿ ಬೇರೆಯವರು ಕೂತರೆ ಎದ್ದು ಹೋಗುವವರೆಗೆ ಮಾತೇ ಆಡುವುದಿಲ್ಲ. ನನ್ನನ್ನು ದಿನಕ್ಕೆ ಹತ್ತು ಸಲ ದಡ್ಡಿ ಅನ್ನುತ್ತಾರೆ, ಒಂದೊಂದು ಸಲ ಒಂದೊಂದು ಪದದಲ್ಲಿ. ಆದರೆ ಕೆಲಸಕ್ಕೆ ಕೂತರೆ ನೋಡಬೇಕು. ಒಂದು ಸಲ ನಾನು ಬೇಸತ್ತು, ಸುಲಭ ಅಂದರೂ ಸಲೀಸು ಅಂದರೂ ಒಂದೇ ಅಲ್ಲವೇನ್ರಿ, ಯಾವುದೋ ಒಂದು ಹಾಕಿ ಮುಗಿಸಿರಿ ಎಂದುಬಿಟ್ಟೆ. ಅವರು ಪೆನ್ನು ಕೆಳಗಿಟ್ಟರು.

“ಸಲೀಸು ಅಂದ್ರ ಇಳಿಜಾರಿನಾಗ ಎತ್ತಿನ ಗಾಡಿ ಹೋದಂಗ. ಸರಾಗ ಅಂದ್ರ ಎಣ್ಣಿ ಹಚ್ಚಿದ ಕೂದಲದಾಗ ಹಣಗಿ ಹೋದಂಗ. ಹಗುರ ಅಂದ್ರ ಹೊತ್ತುಕೊಂಡಿದ್ದನ್ನ ಯಾರೋ ಇಳಿಸಿಕೊಂಡಂಗ. ಒಂದರ ಜಾಗಾದಾಗ ಇನ್ನೊಂದು ಇಟ್ರ ಶಾಯಿ ನಿಲ್ತದ, ಆದ್ರ ಓದಿದಾಂವ ನಂಬೂದಿಲ್ಲ. ತಿಳೀತೇನ ಮಂಕು?”

ತಿಳಿಯಿತು. ಅವತ್ತಿನಿಂದ ತಲೆ ಬಾಚಿಕೊಳ್ಳುವಾಗೆಲ್ಲ ನನಗೆ ಸರಾಗ ಎಂಬ ಪದ ನೆನಪಾಗುತ್ತದೆ. ಇಂಥದ್ದನ್ನು ತಲೆಯಲ್ಲಿ ಹುಗಿದುಬಿಡುವವರು ನಮ್ಮ ಊರಿನಲ್ಲಿ ಇನ್ನೊಬ್ಬರಿಲ್ಲ.

ಕಂಪ್ಯೂಟರ್ ಬಂದ ಮೇಲೆ ನಮ್ಮ ಅಂಗಡಿಗೆ ಕೆಲಸ ಹೆಚ್ಚಾಯಿತು. ಕಂಪ್ಯೂಟರಿನ ಗಾಜಿನ ಮೇಲೆ ಒಂದೇ ಮಾತನ್ನು ಎಷ್ಟು ಸಲ ಬರೆದರೂ ನಿಲ್ಲುತ್ತದೆ. ಯಾಕೆಂದು ಯಾರೂ ಕೇಳಲು ಹೋಗಲಿಲ್ಲ, ನಿಂತರೆ ಬೇಡವೆನ್ನುವವರು ಯಾರು? ಆದರೆ ಸಾಫ್ಟ್‌ವೇರ್ ಮಾರುವವರು ಮಂದಿಯ ಕೈಗೆ ಕಾಗದ ಕೊಡಲೇಬೇಕು, ಕಾಗದಕ್ಕೆ ಬಂದ ಕೂಡಲೇ ಮತ್ತೆ ಹಳೆಯ ಕಾಟ. ಅವರಿಗೆಲ್ಲ ಇರುವುದು ನಾಲ್ಕೇ ಮಾತು: ಸುಲಭ, ವೇಗ, ಸುರಕ್ಷಿತ, ಉಚಿತ. ಔಷಧಿ ಅಂಗಡಿಯ ಸಾಫ್ಟ್‌ವೇರೂ ಅದನ್ನೇ ಹೇಳುತ್ತದೆ, ಜಾತಕ ಕೂಡಿಸುವ ಸಾಫ್ಟ್‌ವೇರೂ ಅದನ್ನೇ ಹೇಳುತ್ತದೆ. ಅಕ್ಕಾರು ಆ ನಾಲ್ಕು ಮಾತನ್ನು ಅರೆದು, ಕಲಸಿ, ಬೇರೆ ಬೇರೆ ಆಕಾರದಲ್ಲಿ ತಟ್ಟಿ ಕೊಡುತ್ತಿದ್ದರು. ‘ಉಚಿತ’ ಮುಗಿದಾಗ ‘ಪುಕ್ಕಟೆ’, ‘ಪುಕ್ಕಟೆ’ ಮುಗಿದಾಗ ‘ಬಿಟ್ಟಿ’, ಅದೂ ಮುಗಿದಾಗ ‘ಬರಿಗೈಯಲ್ಲಿ ಬಂದು ಒಯ್ಯಿರಿ’. ಓದಿದವರು ಚೀಲ ಹಿಡಿದುಕೊಂಡು ಬಂದಿದ್ದರಂತೆ.

ಇನ್ನು ಟೈಲರುಗಳ ವಿಷಯ ಹೇಳಬೇಕು. ನಮ್ಮ ಊರಿನಲ್ಲಿ ‘ಎದೆ ಮೂವತ್ತಾರು’ ಎಂದು ಒಬ್ಬ ಗಿರಾಕಿಗೆ ಬರೆದರೆ ಇನ್ನೊಬ್ಬನಿಗೆ ಬರೆಯುವಂತಿಲ್ಲ. ಮೂವತ್ತಾರು ಎದೆಯವರು ಊರಿಗೊಬ್ಬರೇ ಇರುತ್ತಾರೆಯೇ? ಹಾಗಾಗಿ ನಮ್ಮ ಟೈಲರುಗಳು ಬರೆಯುವುದನ್ನೇ ಬಿಟ್ಟು, ಗಿರಾಕಿಗೊಂದು ಲಾಡಿ ಇಟ್ಟುಕೊಂಡಿದ್ದಾರೆ, ಲಂಗಕ್ಕೆ ಹಾಕುತ್ತೇವಲ್ಲ ಅಂಥದ್ದೇ ಹತ್ತಿಯ ಲಾಡಿ. ಅದರಲ್ಲಿ ಕುತ್ತಿಗೆಗೊಂದು ಗಂಟು, ಭುಜಕ್ಕೊಂದು, ಎದೆಗೊಂದು, ತೋಳಿಗೊಂದು. ಗಿರಾಕಿ ದಪ್ಪಗಾದರೆ ಗಂಟು ಜರುಗುತ್ತದೆ, ತೆಳ್ಳಗಾದರೆ ಹಿಂದೆ ಬರುತ್ತದೆ. ಯಾವ ಟೈಲರ್ ಅಂಗಡಿಗೆ ಹೋದರೂ ಗೋಡೆಯ ತುಂಬ ಮೊಳೆ, ಮೊಳೆಗೊಂದು ಲಾಡಿ. ಕಣ್ಣು ಮುಚ್ಚಿ ಲಾಡಿ ಸವರಿ, ಇದು ಇಂಥವರ ಮನೆಯ ಎರಡನೇ ಸೊಸೆ ಎಂದು ಹೇಳುವ ಮಾಸ್ತರುಗಳು ನಮ್ಮಲ್ಲಿದ್ದಾರೆ.

ಆ ಸಲ ಲಗ್ನದ ಹಂಗಾಮು ಶುರುವಾಗುವ ಮೊದಲು ನಮ್ಮ ಅಂಗಡಿಗೆ ಒಬ್ಬ ಹುಡುಗಿ ಬಂದಳು. ಕಸ್ತೂರಿ ಎಂದು, ಏಕನಾಥಪ್ಪ ಬಗಾಡೆ ಎಂಬ ಟೈಲರ್ ಮಾಸ್ತರರ ಮಗಳು. ತಾಯಿ ಇಲ್ಲ. ಹೈಸ್ಕೂಲಿನಲ್ಲಿ ಕಂಪ್ಯೂಟರ್ ಕಲಿಸುತ್ತಾಳೆ. ತಾನೇ ಒಂದು ಸಾಫ್ಟ್‌ವೇರ್ ಮಾಡಿದ್ದಾಳೆ, ಟೈಲರುಗಳಿಗಾಗಿ. ಲಾಡಿಯ ಬದಲಿಗೆ ಅಳತೆಯೆಲ್ಲ ಅದರಲ್ಲಿ ಇಡಬಹುದು. ಹೆಸರು ‘ಗಂಟು’.

“ಅಯ್ಯ, ಗಂಟು ಅಂತ ಯಾಕ ಇಟ್ಟಿ ತಂಗಿ? ನಮ್ಮ ಗಂಟು ಹೊಡೀಲಿಕ್ಕೆ ಬಂದಾಳ ಅಂತಾರ ಮಂದಿ” ಎಂದೆ ನಾನು. ಅಕ್ಕಾರು ನನ್ನತ್ತ ಕಣ್ಣು ಬಿಟ್ಟರು. ಕಸ್ತೂರಿ ನಗಲಿಲ್ಲ. ನಗುವ ಸ್ಥಿತಿಯಲ್ಲಿ ಅವಳಿರಲಿಲ್ಲ.

ಅವಳು ಹೇಳಿದ್ದು ಇಷ್ಟು. ವರ್ಷದ ಹಿಂದೆ ಏಕನಾಥಪ್ಪನವರ ಅಂಗಡಿಗೆ ಇಲಿ ಬಿದ್ದು ಗೋಡೆಯ ಮೇಲಿನ ಲಾಡಿಗಳನ್ನೆಲ್ಲ ತಿಂದುಹಾಕಿತು. ಅವತ್ತು ಅಂಗಡಿ ಮುಚ್ಚಿ ಮನೆಗೆ ಬಂದವರು ಮತ್ತೆ ಹೊಲಿಗೆ ಮಷಿನ್ ಮುಟ್ಟಲಿಲ್ಲ. “ಮತ್ತ ಎಲ್ಲಾರ ಅಳತಿ ತಗೊಂಡ್ರಾತು ಅಪ್ಪಾ ಅಂತೀನ್ರಿ. ಸುಮ್ಮ ಗ್ವಾಡಿ ನೋಡ್ಕೋತ ಕೂಡ್ತಾನ್ರಿ. ಉಣ್ಣು ಅಂದ್ರ ಉಣ್ತಾನ, ಬಿಟ್ರ ಬಿಟ್ಟ. ಇದನ್ನ ಮಾಡಿ ತೋರಿಸ್ದೆ, ಇಲಿ ಕಡಿಯೂದಿಲ್ಲ ನೋಡು ಅಂದೆ. ಸಂಘದವ್ರು ತಗೊಂಡ್ರ ನೋಡೂಣು ಅಂದ. ವರ್ಷದಾಗ ಅಷ್ಟ ಮಾತ್ರಿ ಅವನ ಬಾಯಿಂದ ಬಂದಿದ್ದು.”

ಟೈಲರುಗಳ ಸಂಘದ ಸಭೆ ಮುಂದಿನ ವಾರವೇ ಇತ್ತು. ಸಭೆಗೆ ಮುಂಚೆ ಪ್ರತಿಯೊಬ್ಬ ಟೈಲರಿನ ಕೈಗೂ ಕಾಗದ ಮುಟ್ಟಬೇಕು. ಸಂಘ ಒಪ್ಪಿದರೆ ಅವಳಪ್ಪ ಮಷಿನ್ನಿನ ಮುಂದೆ ಕೂಡುತ್ತಾನೆ, ಒಪ್ಪದಿದ್ದರೆ ಆ ಮನುಷ್ಯ ಆ ಗೋಡೆಯ ಮುಂದೆಯೇ ಮುಗಿದುಹೋಗುತ್ತಾನೆ. ಹುಡುಗಿ ಇದನ್ನು ಅಳದೆ ಹೇಳಿದಳು.

ಅವಳು ಬರೆದುಕೊಂಡು ಬಂದಿದ್ದ ವಾಕ್ಯಗಳು ನಾಲ್ಕು. ‘ಗಂಟು ನಿಮ್ಮ ಗಿರಾಕಿಗಳ ಅಳತೆಯನ್ನು ಕಾಪಾಡುತ್ತದೆ. ಬೇಕಾದ ಅಳತೆಯನ್ನು ಹುಡುಕುವುದು ಸುಲಭ. ಇಲಿ, ಗೆದ್ದಲು, ಬೆಂಕಿಯ ಭಯವಿಲ್ಲ. ಬೇಡವಾದ ಹಳೆಯ ಅಳತೆಯನ್ನು ಒಂದೇ ಗುಂಡಿ ಒತ್ತಿ ಅಳಿಸಬಹುದು.’ ಅಕ್ಕಾರು ಓದಿ, ಕನ್ನಡಕ ತೆಗೆದು, “ಚೊಲೋ ಬರದೀ. ಸುಳ್ಳು ಒಂದೂ ಇಲ್ಲ. ನಮ್ಮ ಅಂಗಡಿಗೆ ಇಂಥದ್ದು ಬರೂದು ಅಪರೂಪ” ಎಂದರು. ಅವರ ಬಾಯಿಂದ ಇಷ್ಟು ಬಂದದ್ದನ್ನು ನಾನು ಅವತ್ತೇ ಕೇಳಿದ್ದು. ಬೇರೆ ಕೆಲಸವನ್ನೆಲ್ಲ ಪಕ್ಕಕ್ಕಿಟ್ಟು ಅದಕ್ಕೇ ಕೂತರು.

ಊರಿನಲ್ಲಿ ಟೈಲರುಗಳು ನೂರರ ಹತ್ತಿರ ಇದ್ದರು. ಮೊದಲ ಮೂರು ವಾಕ್ಯಗಳು ಹೊಳೆಯ ನೀರಿನಂತೆ ಹರಿದವು. ‘ಕಾಪಾಡುತ್ತದೆ’ ಎಂಬುದನ್ನು ಅವರು ‘ಜೋಪಾನ ಮಾಡುತ್ತದೆ’ ಎಂದರು, ‘ಒಡಲಲ್ಲಿಟ್ಟುಕೊಳ್ಳುತ್ತದೆ’ ಎಂದರು, ‘ಅಳತೆ ಕೊಟ್ಟು ನಿಶ್ಚಿಂತೆಯಿಂದ ಊಟಕ್ಕೆ ಹೋಗಿ, ಗಂಟು ಕಾದಿರುತ್ತದೆ’ ಎಂದರು. ಇಲಿಯನ್ನು ಮೂಷಿಕ ಮಾಡಿದರು, ಗಣಪತಿಯ ವಾಹನ ಮಾಡಿದರು, ‘ರಾತ್ರಿ ಕುಟುಕುಟು ಅನ್ನುವವನು’ ಮಾಡಿದರು. ನಾನು ಕಿಟಕಿಯಲ್ಲಿ ಹಾಳೆ ಹಿಡಿದು ನಿಂತೇ ಇದ್ದೆ, ಒಂದೂ ಮಾಸಲಿಲ್ಲ. ನಡುವೆ ನಾನು ತಂದಿಟ್ಟ ಚಹಾ ಆರಿ, ಕೆನೆಗಟ್ಟಿ, ಅದನ್ನೇ ಅವರು ನೋಡದೆ ಕುಡಿದರು. ಒಬ್ಬರ ತಲೆಯೊಳಗೆ ಇಷ್ಟು ಪದ ಎಲ್ಲಿ ಕೂತಿರುತ್ತವೋ ಎಂದು ನಾನು ಅವರ ಬೈತಲೆಯನ್ನೇ ನೋಡುತ್ತಿದ್ದೆ.

ತೊಂದರೆ ಕೊಟ್ಟದ್ದು ನಾಲ್ಕನೆಯದು. ಅಳಿಸುವುದಕ್ಕೆ ಪದಗಳು ಇರುವುದಾದರೂ ಎಷ್ಟು? ಒರೆಸು, ತೊಡೆ, ತೆಗೆ, ಕೀಳು, ನೀಗು, ಗುಡಿಸು, ಸಾರಿಸು, ಜಾಡಿಸು, ಮರೆಸು, ಮಾಯ ಮಾಡು. ವಾಕ್ಯದ ಬಾಲ ಕತ್ತರಿಸಿದರೆ, ಹಿಂದಿನದನ್ನು ಮುಂದೆ ಇಟ್ಟರೆ ಶಾಯಿ ಮೋಸ ಹೋಗುವುದಿಲ್ಲ, ಕ್ರಿಯೆ ಬದಲಾಗಲೇಬೇಕು. ಮೂರನೆಯ ದಿನ ಅಕ್ಕಾರು ಎದ್ದು ಅಂಗಡಿಯೊಳಗೆ ಅಡ್ಡಾಡತೊಡಗಿದರು. ‘ಕೊಡವಿ ಹಾಕು’ ಎಂದರು, ‘ಗಾಳಿಗೆ ತೂರು’ ಎಂದರು. ಎಲ್ಲರದೂ ಮುಗಿದು ಒಂದೇ ಹಾಳೆ ಉಳಿಯಿತು. ಅದು ಸಂಘದ ಅಧ್ಯಕ್ಷರಾದ ರಾಜೇಸಾಬ ಮಾಸ್ತರರದು. ಅವರಿಗೆ ಎಲ್ಲಕ್ಕಿಂತ ಚೊಲೋ ಬರೆಯಬೇಕೆಂದು ಅಕ್ಕಾರು ಬೇಕೆಂದೇ ಕೊನೆಗೆ ಇಟ್ಟುಕೊಂಡಿದ್ದರು. ಮದುವೆ ಊಟದಲ್ಲಿ ಬೀಗರಿಗೆಂದು ಎತ್ತಿಟ್ಟ ಹೋಳಿಗೆಯೇ ಸೀದಿರುತ್ತದಲ್ಲ, ಹಾಗಾಯಿತು.

ಅಕ್ಕಾರು ಕಣ್ಣು ಮುಚ್ಚಿ ಬಹಳ ಹೊತ್ತು ಕೂತು, “ಅಳಿಸು, ಅಳಿಸು, ಅಳಿಸು” ಎಂದು ಮೆಲ್ಲಗೆ ಅಂದುಕೊಂಡು, ಒಮ್ಮೆಲೇ ಬರೆದು ನನ್ನ ಕೈಗಿತ್ತರು. ನಾನು ಬೆಳಕಿಗೆ ಹಿಡಿದೆ. ಅಷ್ಟು ಕಪ್ಪಗೆ, ಅಷ್ಟು ಬೇಗ ನಿಂತ ಅಕ್ಷರವನ್ನು ನಾನು ಅಲ್ಲಿಯವರೆಗೆ ಕಂಡಿರಲಿಲ್ಲ. “ಪಾಸರೀ” ಎಂದೆ. ಕಸ್ತೂರಿ ಎಲ್ಲ ಹಾಳೆಗಳನ್ನು ಸೆರಗಿನಲ್ಲಿ ಅಪ್ಪಿಕೊಂಡು ಹೋದಳು. ಆ ಸಂಜೆಯೇ ಓಣಿ ಓಣಿ ತಿರುಗಿ ಹಂಚಿದಳು.

ಮರುದಿನ ಬೆಳಿಗ್ಗೆ ಅಕ್ಕಾರು ಬಹಳ ಖುಷಿಯಲ್ಲಿದ್ದರು. ಅವಲಕ್ಕಿ ತಿನ್ನುತ್ತ ತಾವು ಬರೆದ ವಾಕ್ಯಗಳನ್ನು ಒಂದೊಂದಾಗಿ ನನಗೆ ಒಪ್ಪಿಸುತ್ತಿದ್ದರು. ತಮ್ಮ ವಾಕ್ಯ ಅವರಿಗೆ ಎಂದೂ ಮರೆಯುವುದಿಲ್ಲ. “ರಾಜೇಸಾಬ ಮಾಸ್ತರಿಗೆ ಬರದಿದ್ದು ಕೇಳು. ಹಳೆಯ ಅಳತೆಯ ಮೇಲೆ ಬೆರಳಿಟ್ಟರೆ ಸಾಕು, ಕಣ್ಣೀರು…” ಎಂದವರು ಅಲ್ಲಿಗೇ ನಿಂತರು. ಚಮಚ ಬಾಯಿಯ ಹತ್ತಿರ ಹೋದದ್ದು ಹೋದಂತೆಯೇ ಉಳಿಯಿತು.

“ನೀಲಾ, ಅಳಿಸು ಅಂದ್ರ ಏನು?”

“ಒರಸೂದ್ರಿ.”

“ಮತ್ತ?”

ನಾನು ಯೋಚಿಸಿದೆ. “ಮತ್ತೇನ್ರಿ. ಕೂಸಿನ್ನ ಅಳಿಸೂದು. ಯಾಕ ಕೂಸಿನ್ನ ಅಳಸ್ತಿ ಅಂತೀವಲ್ರಿ.”

ಅಕ್ಕಾರ ಮುಖ ಬಿಳಿಚಿಕೊಂಡಿತು. ಒರೆಸುವ ಅಳಿಸು ಖಾಲಿಯಾಗಿ, ಅವರಿಗೇ ತಿಳಿಯದ ಹಾಗೆ ಕೈ ಇನ್ನೊಂದು ಅಳಿಸುವಿನ ಡಬ್ಬಿಗೆ ಹೋಗಿತ್ತು. ಅದನ್ನೇ ಬದಲಿಸಿ ಬರೆದಿದ್ದರು. ‘ಹಳೆಯ ಅಳತೆಯ ಮೇಲೆ ಬೆರಳಿಟ್ಟರೆ ಸಾಕು, ಕಣ್ಣೀರು ಬರುತ್ತದೆ.’ ಸಾಫ್ಟ್‌ವೇರ್ ಮಾರುವ ಕಾಗದದಲ್ಲಿ ಇಂಥ ಮಾತನ್ನು ಯಾರು ಬರೆದಾರು? ಅದಕ್ಕೇ ಶಾಯಿ ಅಷ್ಟು ಗಟ್ಟಿಯಾಗಿ ನಿಂತಿತ್ತು. “ಆ ಹುಡುಗಿ ಬಾಳೇ ಕೆಡಸಿದೆನಲ್ಲ” ಎಂದರು ಅಕ್ಕಾರು. ಕೈ ತೊಳೆಯಲಿಲ್ಲ, ಅಂಗಡಿಗೆ ಬೀಗ ಹಾಕಲಿಲ್ಲ, ಚಪ್ಪಲಿ ಮೆಟ್ಟಿ ಹೊರಟೇಬಿಟ್ಟರು. ರಸ್ತೆಯಲ್ಲಿ ಓಡುವುದು ಮರ್ಯಾದೆಯಲ್ಲ ಎಂದು ನನಗೆ ಸದಾ ಬೋಧಿಸುವವರು ಅವತ್ತು ನೆರಿಗೆ ಎತ್ತಿ ಹಿಡಿದು ಓಡಿದರು. ನಾನು ಹಿಂದಿನಿಂದ ಓಡಿದೆ.

ರಾಜೇಸಾಬ ಮಾಸ್ತರರು ಅಂಗಡಿಯಲ್ಲಿರಲಿಲ್ಲ. ಸಭೆ ಅವತ್ತೇ, ಬಟ್ಟೆ ಮಾರ್ಕೆಟ್ಟಿನ ಮಾಳಿಗೆಯಲ್ಲಿ. ನಾವು ಏದುಸಿರು ಬಿಡುತ್ತ ಮೆಟ್ಟಿಲು ಹತ್ತಿ ಹೋಗುವಷ್ಟರಲ್ಲಿ ಟೈಲರುಗಳೆಲ್ಲ ಜಮಖಾನೆಯ ಮೇಲೆ ಕೂತುಬಿಟ್ಟಿದ್ದರು. ಕಾಗದಗಳನ್ನು ಕೆಲವರು ಮಡಚಿ ಗಾಳಿ ಹಾಕಿಕೊಳ್ಳುತ್ತಿದ್ದರು, ಒಬ್ಬರಂತೂ ಅದರಲ್ಲಿ ಅಡಿಕೆ ಕಟ್ಟಿಕೊಂಡಿದ್ದರು. ಬಾಗಿಲ ಪಕ್ಕದಲ್ಲಿ, ಎಲ್ಲರಿಗಿಂತ ಹಿಂದೆ, ಮೊಣಕಾಲು ಕಟ್ಟಿಕೊಂಡು ಒಬ್ಬ ಸೊರಗಿದ ಮನುಷ್ಯ ಕೂತಿದ್ದ. ಏಕನಾಥಪ್ಪನೇ ಇರಬೇಕು ಎಂದುಕೊಂಡೆ. ಕಸ್ತೂರಿ ಮುಂದೆ, ಕಂಪ್ಯೂಟರ್ ಇಟ್ಟುಕೊಂಡು ನಿಂತಿದ್ದಳು. ಅಕ್ಕಾರು ಗೋಡೆಯ ಬದಿಯಿಂದ ಅವಳ ಹತ್ತಿರ ಹೋಗಿ ಕಿವಿಯಲ್ಲಿ ಹೇಳಿದರು. ಹುಡುಗಿ ಒಮ್ಮೆ ಅಪ್ಪನ ಕಡೆ ನೋಡಿದಳು, ಅಷ್ಟೇ.

ರಾಜೇಸಾಬ ಮಾಸ್ತರರು ಎದ್ದು ನಿಂತರು. ಭಾರಿ ಆಳು, ದೊಡ್ಡ ಗಂಟಲು, ಯಾವ ಸಭೆಯಲ್ಲಾದರೂ ತಮ್ಮ ಮಾತೇ ಕೊನೆಯ ಮಾತಾಗಬೇಕು ಎನ್ನುವವರು. ಈ ಸಾಫ್ಟ್‌ವೇರ್ ಬೇಡವೆಂದು ಮೊದಲಿನಿಂದಲೂ ಸಾರಿಕೊಂಡು ಬಂದವರು ಅವರೇ. ಕಿಸೆಯಿಂದ ಕಾಗದ ತೆಗೆದು, ತೋಳುದ್ದ ದೂರ ಹಿಡಿದು, ನಾಲ್ಕನೆಯ ವಾಕ್ಯವನ್ನೇ ಗಟ್ಟಿಯಾಗಿ ಓದಿದರು. ‘ಹಳೆಯ ಅಳತೆಯ ಮೇಲೆ ಬೆರಳಿಟ್ಟರೆ ಸಾಕು, ಕಣ್ಣೀರು ಬರುತ್ತದೆ.’ ಈಗ ನಗುತ್ತಾರೆ, ಮಾಳಿಗೆ ಹಾರಿಹೋಗುವಂತೆ ನಗುತ್ತಾರೆ ಎಂದು ನಾನು ಸೆರಗು ಬಾಯಿಗೆ ಒತ್ತಿಕೊಂಡೆ. ಒಬ್ಬರೂ ನಗಲಿಲ್ಲ. ಗಾಳಿ ಹಾಕಿಕೊಳ್ಳುತ್ತಿದ್ದವರ ಕೈ ನಿಂತಿತು.

“ಇದು ಖರೇ ಏನವಾ?” ಎಂದು ಕೇಳಿದರು ಮಾಸ್ತರರು.

ಹೂಂ ಎಂದಿದ್ದರೆ ಅಲ್ಲಿಗೆ ಕೆಲಸ ಆಗುತ್ತಿತ್ತು. ಆ ಮನುಷ್ಯನ ದನಿ ಮೆತ್ತಗಾದದ್ದು ನಮಗೇ ಕೇಳಿಸಿತ್ತು. ಹೂಂ ಅನ್ನು, ಹೂಂ ಅನ್ನು ತಂಗಿ ಎಂದು ನಾನು ಮನಸ್ಸಿನಲ್ಲೇ ಅಂದುಕೊಳ್ಳುತ್ತಿದ್ದೆ. ಅವಳಿಗೂ ಅದು ತಿಳಿದಿರಲೇಬೇಕು, ದಡ್ಡ ಹುಡುಗಿಯಲ್ಲ.

“ಇಲ್ರಿ ಮಾಸ್ತರ” ಎಂದಳು ಕಸ್ತೂರಿ. “ತಪ್ಪಾಗೈತ್ರಿ ಅದು. ಅಳಿಸ್ತೈತಿ ಅಂದ್ರ ಒರಸಿ ಹಾಕ್ತೈತಿ ಅಂತ್ರಿ. ಒಂದ ಗುಂಡಿ ಒತ್ತಿದ್ರ ಅಳತಿ ಎಲ್ಲಾ ಹೋಗ್ತೈತಿ. ಕಣ್ಣೀರ ಏನೂ ಬರೂದಿಲ್ರಿ.”

ಆ ಕ್ಷಣದಲ್ಲಿ ನನಗೆ ಅವಳ ಮೇಲೆ ಸಿಟ್ಟು ಬಂತು, ಸಿಟ್ಟಿನ ಬೆನ್ನಿಗೇ ಕಾಲು ಮುಟ್ಟಿ ನಮಸ್ಕಾರ ಮಾಡಬೇಕು ಅನ್ನಿಸಿತು. ಅಪ್ಪನ ಜೀವ ಒಂದು ಹೂಂ ಮೇಲೆ ನಿಂತಿರುವಾಗ ಇಲ್ಲ ಅನ್ನುವ ಎದೆ ಎಷ್ಟು ಜನಕ್ಕಿದೆ? ನನಗಂತೂ ಇಲ್ಲ.

“ಹಂಗಾರ ನಮಗ ಬ್ಯಾಡ” ಎಂದು ರಾಜೇಸಾಬ ಮಾಸ್ತರರು ಕೂತುಬಿಟ್ಟರು. ಕೂತಲ್ಲಿಂದಲೇ, ಈ ಸಲ ಭಾಷಣದ ದನಿಯಲ್ಲಲ್ಲದೆ ಮನೆಯ ಮಗಳಿಗೆ ಹೇಳುವಂತೆ ಹೇಳಿದರು. “ನೀ ಟೈಲರ್ ಮಗಳು, ಆದ್ರ ನಿನಗ ಇದು ಗೊತ್ತಿರೂದಿಲ್ಲ. ನಾವು ಯಾರ ಮುಂದೂ ಮಾಡೂದಿಲ್ಲ. ಗಿರಾಕಿ ಸತ್ತ ಸುದ್ದಿ ಬಂತಂದ್ರ ಅಂಗಡಿ ಬಾಗಲಾ ಅರ್ಧಾ ಹಾಕ್ಕೊಂಡು, ಅವನ ಲಾಡಿ ಇಳಿಸಿ, ಒಂದೊಂದ ಗಂಟ ಕೈಯಿಂದ ಬಿಚ್ಚತೀವಿ. ಕತ್ರಿ ಮುಟ್ಟಸೂದಿಲ್ಲ. ಹ್ವಾದ ವಾರ ಪೋಸ್ಟಿನ ಹನಮಂತಂದು ಬಿಚ್ಚಿದೆ. ಹೊಟ್ಟಿ ಗಂಟು ನಾಕ ಸಲ ಜರಗಿಸಿದ್ದೆ, ಉಂಡು ಉಂಡು ಬೆಳದಿದ್ದ ಮನಷ್ಯಾ. ಅದನ್ನ ಬಿಚ್ಚೂಮುಂದ ನಗು ಬಂತು. ಆಮ್ಯಾಲೆ ಅಳು ಬಂತು. ಬರಬೇಕು. ಬರದಿದ್ರ ಬಿಚ್ಚಿದಂಗಲ್ಲ. ಬಿಚ್ಚಿದ ಮ್ಯಾಲೆ ಆ ಲಾಡಿ ತೊಳದು, ಹೊಸಾ ಕೂಸಿನ ತಲಿಗೆ ಕಟ್ಟೂ ಕುಂಚಿಗಿ ಅಳತಿಗೆ ಇಡತೀವಿ. ಬೇಡವಾದ ಅಳತಿ ಅಂತ ನಮ್ಮಲ್ಲಿ ಯಾವುದೂ ಇಲ್ಲವಾ. ನೀ ಒಂದ ಗುಂಡಿಗೆ ಎಲ್ಲಾ ಹೋಗ್ತೈತಿ ಅಂತೀಯಲ್ಲ, ಅದಕ್ಕ ಬ್ಯಾಡ.”

ಆಗ ಬಾಗಿಲ ಪಕ್ಕದಿಂದ ಒಂದು ದನಿ ಬಂತು. ಎಷ್ಟೋ ದಿನ ಬಳಸದೆ ಜಂಗು ಹಿಡಿದ ದನಿ.

“ನಂದು ಬಿಚ್ಚಲಾರದ ಹೋತು.”

ಎಲ್ಲರೂ ಹಿಂತಿರುಗಿ ನೋಡಿದರು. ಏಕನಾಥಪ್ಪ ಎದ್ದು ನಿಂತಿದ್ದರು, ಗೋಡೆಗೆ ಒಂದು ಕೈ ಊರಿಕೊಂಡು. “ಇಲಿ ತಿಂದಿದ್ದು ಗಿರಾಕಿ ಲಾಡಿ, ಅದಕ್ಕ ಅಪ್ಪ ಹಿಂಗ ಕುಂತಾನ ಅಂತ ನನ್ನ ಮಗಳು ತಿಳಕೊಂಡಾಳ. ಗಿರಾಕಿ ಅದಾರ, ಮತ್ತ ಬರತಾರ, ಮತ್ತ ಅಳತಿ ಕೊಡತಾರ. ಇಕಿ ಅವ್ವಂದೂ ಅಲ್ಲೇ ಇತ್ತು. ಅಕಿ ಹ್ವಾದ ಮ್ಯಾಲೆ ಬಿಚ್ಚಾಕ ಮನಸ ಬರಲಿಲ್ಲ. ನಾಳೆ ಬಿಚ್ಚಿದ್ರಾತು, ನಾಳೆ ಬಿಚ್ಚಿದ್ರಾತು ಅಂದೆ. ಇಲಿ ಬಂತು.”

ವರ್ಷವಿಡೀ ಕಸ್ತೂರಿ ಇಲಿಗೆ ಮದ್ದು ಹುಡುಕಿದ್ದಳು, ನೋವು ಬೇರೆಲ್ಲೋ ಇತ್ತು. “ಅಪ್ಪಾ” ಎಂದಳು, “ಅವ್ವನ ಅಳತಿ ಐತಿ.”

“ಎಲ್ಲೈತಿ?”

“ಇದರಾಗ. ಪೆಟ್ಟಿಗಿಯೊಳಗ ಅವ್ವನ ಹಸರ ಜಂಪರ ಇತ್ತಲ್ಲ, ನೀನ ಹೊಲದಿದ್ದು. ಇದು ನಡೀತೈತೋ ಇಲ್ಲೋ ನೋಡಾಕ ಅದರ ಅಳತೀನ ಮೊದಲ ಹಾಕಿದ್ದೆ. ಆಮ್ಯಾಲೆ ಒರಸಾಕ ಹೋಗಲಿಲ್ಲ.”

ಏಕನಾಥಪ್ಪ ಬಹಳ ಹೊತ್ತು ಕಂಪ್ಯೂಟರನ್ನೇ ನೋಡಿದರು. ಹತ್ತಿರ ಮಾತ್ರ ಹೋಗಲಿಲ್ಲ. ರಾಜೇಸಾಬ ಮಾಸ್ತರರು ಗಂಟಲು ಸರಿಮಾಡಿಕೊಂಡರು. “ಹಂಗಾರ ಒಂದ ಕೆಲಸಾ ಮಾಡು ಮಗಳ. ಆ ಗುಂಡಿ ತಗದ ಹಾಕು. ಒಂದೊಂದ ಗಂಟಿಗೆ ಒಂದೊಂದ ಗುಂಡಿ ಮಾಡು, ಒಂದ ಆದ ಮ್ಯಾಲ ಒಂದ ಬಿಚ್ಚಬೇಕು, ಅವಸರಾ ಮಾಡಾಕ ಬರಬಾರದು. ಹಂಗ ಮಾಡಿ ತಾ. ಮೊದಲ ನನ್ನ ಅಂಗಡಿಗೆ ಹಾಕು, ಏಕನಾಥ ಅಲ್ಲೇ ಬಂದು ಬಿಚ್ಚಲಿ.” ಸಂಘವನ್ನು ಕೇಳಲಿಲ್ಲ, ತಾವೇ ಹೇಳಿಬಿಟ್ಟರು. ಸಂಘ ತಲೆಯಾಡಿಸಿತು.

ಅಕ್ಕಾರು ಆಗ ಮುಂದೆ ಹೋಗಿ, ಆ ಕಾಗದ ವಾಪಸು ಕೊಡಿರಿ, ಬೇರೆ ಬರೆದು ಕೊಡುತ್ತೇನೆ ಎಂದರು. ಮಾಸ್ತರರು ಕೊಡಲಿಲ್ಲ. “ಉಳಿದಿದ್ದೆಲ್ಲಾ ಸಾಮಾನು ಮಾರೂ ಮಾತು ಅಕ್ಕಾರ. ಇದೊಂದ ನಮ್ಮ ಮಾತು” ಎಂದು ಮಡಚಿ ಕಿಸೆಗಿಟ್ಟುಕೊಂಡರು. ಮೆಟ್ಟಿಲು ಇಳಿಯುವಾಗ ಅಕ್ಕಾರು ನನ್ನ ಕಡೆ ತಿರುಗಿ, “ತಪ್ಪು ಅಲ್ಲ ಅದು, ತಿಳೀತೇನು? ಎರಡೂ ಅರ್ಥ ಅದಾವ ಆ ಪದಕ್ಕ. ಎದುರು ಓಣಿಯವರ ಮುಂದ ಮಾತ್ರ ಆಡಬ್ಯಾಡ” ಎಂದರು. ಜಟ್ಟಿ ಕೆಳಗೆ ಬಿದ್ದರೂ ಮೀಸೆ ಮಣ್ಣಾಗಲಿಲ್ಲ. ಆದರೆ ಅವರು ಕನ್ನಡಕ ತೆಗೆದು ಎರಡು ಸಲ ಒರೆಸಿಕೊಂಡದ್ದನ್ನು ನಾನು ನೋಡಿದೆ. ತಾವು ಕೆಡಿಸಿದೆವೆಂದುಕೊಂಡದ್ದಕ್ಕೆ ಚಪ್ಪಲಿ ಮೆಟ್ಟಿ ಓಡಿಬಂದ ಹೆಂಗಸು. ಆ ಓಟವನ್ನು ನೆನೆದರೆ ಇವತ್ತಿಗೂ ನನಗೆ ಅವರ ಮೇಲೆ ಅಭಿಮಾನ ಉಕ್ಕುತ್ತದೆ.

ಕಸ್ತೂರಿ ಶಾಲೆಗೆ ರಜೆ ಹಾಕಿ ಕೂತು ಸಾಫ್ಟ್‌ವೇರ್ ತಿದ್ದಿದಳು. ಆದ ದಿನ ನಮಗೂ ಹೇಳಿ ಕಳಿಸಿದಳು. ರಾಜೇಸಾಬ ಮಾಸ್ತರರ ಅಂಗಡಿಯಲ್ಲಿ ಕಾಲಿಡಲು ಜಾಗವಿರಲಿಲ್ಲ. ಕತ್ತರಿಸುವ ಮೇಜಿನ ಮೇಲಿನ ಬಟ್ಟೆ ಸರಿಸಿ ಕಂಪ್ಯೂಟರ್ ಇಟ್ಟಿದ್ದರು. ಗಾಜಿನ ಮೇಲೆ ಒಂದು ಹಸಿರು ಲಾಡಿಯ ಚಿತ್ರ, ಅದರಲ್ಲಿ ಗಂಟುಗಳು, ಮೇಲೆ ಅವಳ ತಾಯಿಯ ಹೆಸರು: ಸೋನಾಬಾಯಿ. ಮಾಸ್ತರರು ಎದ್ದು ಹೋಗಿ ಅಂಗಡಿಯ ಬಾಗಿಲನ್ನು ಅರ್ಧ ಎಳೆದರು. ಏಕನಾಥಪ್ಪ ಸ್ಟೂಲಿನ ಮೇಲೆ ಕೂತು, ಎರಡೂ ಕೈಯನ್ನು ಧೋತರಕ್ಕೆ ಒರೆಸಿಕೊಂಡು, ಮೊದಲ ಗಂಟಿನ ಮೇಲೆ ಬೆರಳಿಟ್ಟರು.

ಅದು ಕೂಡಲೇ ಬಿಚ್ಚಲಿಲ್ಲ. ಕಸ್ತೂರಿ ಹಾಗೆಯೇ ಮಾಡಿದ್ದಳು, ಬೆರಳು ಒತ್ತಿ ಹಿಡಿದಿರಬೇಕು, ಗಂಟು ನಿಧಾನವಾಗಿ ಸಡಿಲವಾಗಬೇಕು. ಕುತ್ತಿಗೆಯದು ಬಿಚ್ಚಿತು. ಭುಜದ್ದು ಬಿಚ್ಚಿತು. ತೋಳಿನ ಗಂಟಿಗೆ ಬಂದಾಗ ಏಕನಾಥಪ್ಪ ತಮ್ಮಷ್ಟಕ್ಕೆ ತಾವು ಮಾತಾಡಿದರು. “ತೋಳು ಬಿಗಿ ಆದ್ರ ಬೈತಿದ್ಲು. ರೊಟ್ಟಿ ಬಡಿಯಾಕ ತೊಡರತೈತಿ, ನಿನಗೇನ ಗೊತ್ತು ಅಂತಿದ್ಲು.” ಅಷ್ಟು ಹೇಳಿ ನಕ್ಕರು. ನಗುತ್ತಲೇ ಹೆಗಲು ಅಲುಗಾಡತೊಡಗಿತು. ಆಮೇಲೆ ಅವರು ಅತ್ತದ್ದನ್ನು ಏನು ಹೇಳಲಿ, ಮಗುವಿನ ಹಾಗೆ ಸದ್ದು ಮಾಡಿ ಅತ್ತರು, ಆದರೆ ಬೆರಳು ಮಾತ್ರ ಎತ್ತಲಿಲ್ಲ. ಅಲ್ಲಿದ್ದ ಮಾಸ್ತರುಗಳು ಯಾರೂ ಅವರನ್ನು ಸಮಾಧಾನ ಮಾಡಲು ಹೋಗಲಿಲ್ಲ. ಆ ಹೊತ್ತಿಗೆ ಸಮಾಧಾನ ಮಾಡುವ ರೂಢಿ ಅವರಲ್ಲಿಲ್ಲ. ನಾನು ಅಕ್ಕಾರ ಕೈ ಹಿಡಿದುಕೊಂಡೆ, ಅವರು ಬಿಡಿಸಿಕೊಳ್ಳಲಿಲ್ಲ.

ಕೊನೆಯ ಗಂಟು ಸೊಂಟದ್ದು. ಅದೂ ಬಿಚ್ಚಿ, ಹಸಿರು ಲಾಡಿ ಗಾಜಿನ ಮೇಲೆ ಉದ್ದಕ್ಕೆ, ನೆಟ್ಟಗೆ, ಖಾಲಿಯಾಗಿ ಮಲಗಿತು. ಏಕನಾಥಪ್ಪ ಅದನ್ನು ನೋಡುತ್ತ ಕೂತರು. ಧೋತರದ ತುದಿಯಿಂದ ಮುಖ ಒರೆಸಿಕೊಂಡರು. ಮೊಳೆಗೆ ನೇತುಹಾಕಿದ್ದ ಮಾಸ್ತರರ ಟೇಪನ್ನು ಕೇಳದೆಯೇ ತೆಗೆದು ಕೊರಳಿಗೆ ಹಾಕಿಕೊಂಡು, ಎದ್ದು ನಿಂತು, ನಮ್ಮೆಲ್ಲರನ್ನೂ ಆಗ ತಾನೆ ಕಂಡವರಂತೆ ನೋಡಿದರು.

“ಮುಂದಿಂದು ಯಾರದು? ಬರ್ರಿ, ಹಿಂಗ ನಿಂತ್ರ ಹೆಂಗ?” ಎಂದರು.

ಹೊಲಿಸಲು ಬಂದವರು ಅಲ್ಲಿ ಯಾರಿದ್ದರು? ಒಬ್ಬರ ಮುಖ ಒಬ್ಬರು ನೋಡಿಕೊಂಡೆವು. ಆಗ ಕಸ್ತೂರಿ ಜನರ ನಡುವೆ ದಾರಿ ಮಾಡಿಕೊಂಡು ಮುಂದೆ ಬಂದಳು. ಅಳತೆ ಕೊಡುವವರು ನಿಲ್ಲುವ ಹಾಗೆ ಕೈ ಸ್ವಲ್ಪ ಎತ್ತಿ, ಅಪ್ಪನಿಗೆ ಬೆನ್ನು ಮಾಡಿ ನಿಂತಳು. ಅವರು ಟೇಪಿನ ತುದಿಯನ್ನು ಅವಳ ಭುಜಕ್ಕೆ ಹಿಡಿದು, ಬೆನ್ನು ನೆಟ್ಟಗೆ ಮಾಡು ಎಂದು ಮೆಲ್ಲಗೆ ಗದರಿದರು. ಅವಳ ಮುಖ ನಮ್ಮ ಕಡೆಗಿತ್ತು, ಕೆನ್ನೆ ಎರಡೂ ಒದ್ದೆ. ಅವರಿಗೆ ಕಾಣುತ್ತಿರಲಿಲ್ಲ, ನಮಗೆ ಕಾಣುತ್ತಿತ್ತು.